ಕಾಕಾನ ಕಠಿಣ ಶಬ್ದಗಳು

ಮಾರ್ಕೆಟ್ ಯಾರ್ಡಿನ ಹತ್ತಿರ ಒಣಮೆಣಸಿನಕಾಯಿಯ ಘಾಟು ಮೂಗಿಗೆ ಬಡಿದರೆ ಸಾಕು, ಇಂದಿಗೂ ನನ್ನ ಎದೆ ಢವಢವ ಅನ್ನುತ್ತದೆ. ನಿಮಗೂ ಇಂಥದೊಂದು ವಾಸನೆ ಇರಬಹುದು. ಅಪ್ಪನ ತಮ್ಮ, ನನ್ನ ಕಾಕಾ, ಅಲ್ಲಿ ಮೆಣಸಿನಕಾಯಿ ಅಂಗಡಿಯೊಂದರಲ್ಲಿ ಗುಮಾಸ್ತನಾಗಿದ್ದ. ಸಂಜೆ ಆ ಘಾಟನ್ನು ಅಂಗಿಯಲ್ಲಿ ಹೊತ್ತುಕೊಂಡೇ ಬರುತ್ತಿದ್ದ, ಬಂದವನು ಗೋಡೆ ಹಿಡಿದು ಕೆಮ್ಮುತ್ತಿದ್ದ. ಆ ಕೆಲಸ ಬಿಡದಿದ್ದರೆ ಎದೆ ಉಳಿಯುವುದಿಲ್ಲ ಅಂತ ಡಾಕ್ಟರು ಹೇಳಿಬಿಟ್ಟಿದ್ದರು. ರಾಂಜಣಗಾಂವದ ಕಾರ್ಖಾನೆಯೊಂದರ ಆಫೀಸಿನಲ್ಲಿ ಜಾಗ ಖಾಲಿ ಇತ್ತು. ಆದರೆ, ನಾವಿದ್ದದ್ದು ಮರಾಠಿ ಸೀಮೆಯಾದರೂ, ಸಂದರ್ಶನವೆಲ್ಲ ಇಂಗ್ಲಿಷಿನಲ್ಲಿ ಅಂತ ಯಾರೋ ಹೆದರಿಸಿದ್ದರು, ಮೇಲಾಗಿ ಕಾಕಾನಿಗೆ ಉಗ್ಗು.

ಎ ಬಿ ಸಿ ಗೊತ್ತಿಲ್ಲದ ನಮ್ಮ ಅಜ್ಜಿ ಹಂಚಿನ ಮುಂದೆ ಕೂತು ಒಂದು ಕಾನೂನು ಮಾಡಿದಳು. ದಿನಾ ಒಂದು ಕಠಿಣ ಶಬ್ದವನ್ನು ಕಾಕಾ ತಡವರಿಸದೆ ಹೇಳಬೇಕು, ಆಮೇಲೇ ತಾಟಿಗೆ ರೊಟ್ಟಿ. ಉಚ್ಚಾರ ನೋಡಲು ನಾನು ಡಿಕ್ಷನರಿ ಹಿಡಿದು ಕೂಡುತ್ತಿದ್ದೆ.

"ಡಿಫೆನೆಸ್ಟ್ರೇಶನ್. ಮನಷ್ಯಾನ್ನ ಕಿಡಕ್ಯಾಗಿಂದ ಹೊರಗ ಒಗಿಯೂದು," ಅಂದ ಕಾಕಾ ಒಂದು ದಿನ.

"ಅದಕ್ಕೂ ಒಂದು ಶಬ್ದ ಅದ? ಏನ್ ಮಂದಿನೋ," ಅನ್ನುತ್ತ ಅಜ್ಜಿ ಬಿಸಿ ರೊಟ್ಟಿ ಹಾಕಿದಳು. ಟ್ರೆಪಿಡೇಶನ್ ಅಂದರೆ ಅಂಜಿಕೆಯಿಂದ ಮೈ ನಡುಗುವುದು. ಕಾಕಾ ಅದನ್ನು ಹೇಳುವಾಗ ಅವನಿಗಿಂತ ನಾನೇ ಹೆಚ್ಚು ನಡುಗಿದ್ದೆ. ವಿಚಿತ್ರವೆಂದರೆ ಬಾಯಿಪಾಠ ಮಾಡಿದ ಶಬ್ದಗಳಿಗೆ ಅವನ ನಾಲಿಗೆ ತೊಡರುತ್ತಿರಲಿಲ್ಲ. ಆದ್ದರಿಂದ ನಮಗೆಲ್ಲ ಆಸೆ ಬೆಳೆಯಿತು.

ಸಂದರ್ಶನದ ದಿನ ಅಜ್ಜಿ ಒಳ್ಳೇ ಶಕುನಕ್ಕೆಂದು ಅವನ ಅಂಗೈಗೆ ಮೊಸರು ಹಾಕಿ ಕಳಿಸಿದಳು. ಸಂಜೆ ಬಂದ ಕಾಕಾ ಬೂಟು ಬಿಚ್ಚದೆ ಹೊಸ್ತಿಲಲ್ಲೇ ಕೂತ.

"ಏನ್ ಕೇಳಿದ್ರೋ?" ಅಂದಳು ಅಜ್ಜಿ.

"ಹೆಸರು. ಮರಾಠಿಯೊಳಗ ಕೇಳಿದ್ರು. ಬಾ... ಬಾಯಿಂದ ಬರಲೇ ಇಲ್ಲವ್ವಾ. ಸಾಕು, ಹೋಗ್ರಿ ಅಂದ್ರು."

ಇಡೀ ಮನೆ ಸೇರಿ ಇಂಗ್ಲಿಷಿನ ಗುಡ್ಡ ಅಗೆದಿದ್ದೆವು. ಅವನ ಹೆಸರನ್ನು ಅವನ ಬಾಯಿಂದ ಯಾರೂ ಒಮ್ಮೆಯೂ ಹೇಳಿಸಿರಲಿಲ್ಲ. ಎರಡು ಗಳಿಗೆ ಕಾಯಲಾರದ ಆ ಆಫೀಸಿನವರ ಮೇಲೆ ನನಗೆ ಇನ್ನೂ ಸಿಟ್ಟಿದೆ. ಅಂದು ಅಜ್ಜಿ ಶಬ್ದ ಕೇಳದೆಯೇ ರೊಟ್ಟಿ ಹಾಕಿದಳು, ಅದೇ ನನಗೆ ಎಲ್ಲಕ್ಕಿಂತ ಹೆದರಿಕೆ ತಂದಿತು. ಕಾಕಾ ಮರುದಿನ ಮತ್ತೆ ಮೆಣಸಿನಕಾಯಿ ಅಂಗಡಿಗೆ ಹೋದ.

ಮುಂದೆ ಅಜ್ಜಿ ತೀರಿಹೋದಳು. ನಾವಿದ್ದ ಹಳೆಯ ವಾಡೆಯ ಮನೆ ಕೆಡವಿ ಅಪಾರ್ಟ್‌ಮೆಂಟ್ ಕಟ್ಟಿದರು. ಹೋದ ವರ್ಷ ಕಾಕಾನನ್ನು ಆಸ್ಪತ್ರೆಗೆ ಸೇರಿಸಿದಾಗ ನರ್ಸ್ ಮರಾಠಿಯಲ್ಲಿ ಹೆಸರು ಕೇಳಿದಳು. ಹೇಳಲು ನಾನು ಬಾಯಿ ತೆಗೆದೆ. ಅವನು ನನ್ನ ಕೈ ಅದುಮಿ ತಡೆದ. ಉಸಿರು ಎಳೆದುಕೊಂಡ. ಆ ಹುಡುಗಿ ಪುಣ್ಯಾತ್ಗಿತ್ತಿ, ಸುಮ್ಮನೆ ಕಾದಳು.

"ಪ್ರ... ಪ್ರ... ಪ್ರಲ್ಹಾದ," ಅಂದ.

ಅವನ ಬಾಯಿಂದ ಆ ಹೆಸರನ್ನು ನಾನು ಕೇಳಿದ್ದು ಅದೊಂದೇ ಸಲ.