ಎರಡರಷ್ಟು ದಪ್ಪ, ಎಷ್ಟರಷ್ಟು ಭಾರ?

ಮೊನ್ನೆ ಹುಣಸೂರಿನಲ್ಲಿ ಒಂದು ರೊಟ್ಟಿ ನನ್ನ ಬಾಯಿ ಮುಚ್ಚಿಸಿತು. (ತಿಂದದ್ದಲ್ಲ, ಬರೀ ನೋಡಿದ್ದು.)

ನಿಮಗೆ ಗೊತ್ತೇ ಇದೆ, ನಾನು ಲೆಕ್ಕದ ಮೇಷ್ಟ್ರು. ಇಪ್ಪತ್ತಾರು ವರ್ಷದಿಂದ ಮಿಡ್ಲ್ ಸ್ಕೂಲಿನಲ್ಲಿ ತ್ರೈರಾಶಿ ಕಲಿಸುತ್ತಿದ್ದೇನೆ. ಒಂದಕ್ಕೆ ಇಷ್ಟಾದರೆ ಎರಡಕ್ಕೆ ಎಷ್ಟು? ಎರಡರಷ್ಟು! ಇದರಲ್ಲಿ ಯೋಚನೆ ಮಾಡುವುದೇನಿದೆ? ನಾನಂತೂ ಮಾಡಿರಲಿಲ್ಲ.

ನಮ್ಮ ಸ್ಕೂಲಿಗೆ ಹೊಸ ಚಾವಣಿ ಆಗಬೇಕು. ಹೆಗ್ಗಡದೇವನಕೋಟೆಯ ಡಿಪೋದಲ್ಲಿ ಮರ ಕೊಂಡಿದ್ದೆವು. ಹೋದ ವಾರ ನಮ್ಮೂರ ಕಾಳೇಗೌಡ ತನ್ನ ಗಾಡಿಯಲ್ಲಿ ಎರಡು ದಿಮ್ಮಿಗಳನ್ನು ಒಟ್ಟಿಗೆ ಹೇರಿಕೊಂಡು ಬಂದ. ಒಂದೊಂದರ ಸುತ್ತಳತೆ ಎರಡು ಮೊಳ. ಡಿಪೋದಲ್ಲಿ ಉಳಿದದ್ದು ಒಂದೇ ದಿಮ್ಮಿ. ಅದೇ ಜಾತಿ, ಅದೇ ಉದ್ದ, ಸುತ್ತಳತೆ ಮಾತ್ರ ನಾಲ್ಕು ಮೊಳ.

"ಮೇಷ್ಟ್ರೇ, ಅದ ನನ್ ಗಾಡಿ ತಡೀತದಾ?" ಎಂದು ಕಾಳೇಗೌಡ ಕೇಳಿದ.

ದಪ್ಪ ಎರಡರಷ್ಟು, ಆದ್ದರಿಂದ ತೂಕ ಎರಡರಷ್ಟು. ಅಂದರೆ ಹೋದ ವಾರದ ಎರಡು ದಿಮ್ಮಿಗಳ ಭಾರವೇ ತಾನೆ? "ಧಾರಾಳವಾಗಿ ತಡೆಯುತ್ತೆ ಗೌಡ" ಎಂದೆ. ಅವನು ಮತ್ತೆ ಕೇಳಲಿಲ್ಲ. ಓದಿದವರ ಮಾತೆಂದರೆ ಅವನಿಗೆ ಅಷ್ಟು ನಂಬಿಕೆ.

ಅದನ್ನು ತರಲು ಹೆಗ್ಗಡದೇವನಕೋಟೆಗೆ ಹೊರಟಾಗ ನಾನೂ ಗಾಡಿ ಹತ್ತಿದೆ. ಚಕ್ರದ ಪಟ್ಟಿ ಬಿಗಿ ಮಾಡಿಸಲು ಹುಣಸೂರಿನಲ್ಲಿ, ಗಾಡಿ ಕೆಲಸದ ಖಾದರ್ ಸಾಬರ ಮನೆ ಮುಂದೆ ನಿಲ್ಲಿಸಿದೆವು. ಏನು ಹೇರುತ್ತೀರಿ ಎಂದು ಸಾಬರು ಕೇಳಿದರು. ನಾನು ಹೆಮ್ಮೆಯಿಂದ ಲೆಕ್ಕ ಒಪ್ಪಿಸಿದೆ. ಅವರು ಕೈಯಲ್ಲಿದ್ದ ಇಕ್ಕಳ ಕೆಳಗಿಟ್ಟರು.

"ಎರಡರಷ್ಟಲ್ಲ ಮೇಷ್ಟ್ರೇ, ನಾಲ್ಕರಷ್ಟು."

ನಾನು ನಕ್ಕುಬಿಟ್ಟೆ. (ಈಗ ಬರೆಯಲು ನಾಚಿಕೆಯಾಗುತ್ತದೆ.) ಸಾಬರು ಬೇಜಾರು ಮಾಡಿಕೊಳ್ಳಲಿಲ್ಲ. ಒಳಗೆ ಕೂಗಿ, ಕಲಸಿದ ಅಕ್ಕಿ ಹಿಟ್ಟು ತರಿಸಿದರು. ಒಂದೇ ಸಮನಾದ ಉಂಡೆಗಳನ್ನು ಕಟ್ಟಿದರು. ಒಂದು ಉಂಡೆಯನ್ನು ಹಲಗೆಯ ಮೇಲೆ ತಟ್ಟಿದರು. ಒಂದು ಗೇಣು ಅಗಲದ ರೊಟ್ಟಿಯಾಯಿತು.

"ಇಷ್ಟೇ ದಪ್ಪಕ್ಕೆ ಎರಡು ಗೇಣು ಅಗಲದ್ದು ತಟ್ಟಬೇಕು. ಎಷ್ಟು ಉಂಡೆ ಬೇಕು?"

"ಎರಡು" ಎಂದೆ.

ಎರಡು ಉಂಡೆ ಸೇರಿಸಿ ತಟ್ಟಿದರು. ಎರಡು ಗೇಣಿಗೆ ಬಹಳ ಕಡಿಮೆ ಬಿತ್ತು. ಮೂರನೆಯದನ್ನೂ ಸೇರಿಸಿದರು. ಸಾಲಲಿಲ್ಲ. ನಾಲ್ಕನೆಯದು ಸೇರಿದಾಗ ಅಂಚು ಸರಿಯಾಗಿ ಎರಡು ಗೇಣಿಗೆ ಬಂದು ನಿಂತಿತು.

ಸುತ್ತಳತೆ ಎರಡರಷ್ಟಾದರೆ ಅಗಲವೂ ಎರಡರಷ್ಟು, ಅದು ನನಗೆ ಗೊತ್ತು. ಹುಟ್ಟಿದಾಗಿನಿಂದ ರೊಟ್ಟಿ ತಿನ್ನುತ್ತಿದ್ದೇನೆ. ಇಂಥ ದೊಡ್ಡ ಸಂಗತಿ ದಿನಾ ನನ್ನ ತಟ್ಟೆಯಲ್ಲೇ ಇತ್ತಲ್ಲ!

"ದಿಮ್ಮಿ ಅಂದ್ರೆ ಏನು ಮೇಷ್ಟ್ರೇ? ರೊಟ್ಟಿ ಮೇಲೆ ರೊಟ್ಟಿ" ಎಂದರು ಸಾಬರು. "ಉದ್ದ ಎರಡರಷ್ಟಾದ್ರೆ ರೊಟ್ಟಿ ಎರಡರಷ್ಟು. ಅಲ್ಲಿ ನಿಮ್ಮ ಲೆಕ್ಕ ಬರಾಬರಿ. ದಪ್ಪಕ್ಕೆ ಬರಾಬರಿ ಅಲ್ಲ, ಅಲ್ಲಿ ಒಂದೊಂದು ರೊಟ್ಟೀನೂ ಅಗಲ ಆಗ್ತದೆ."

ಅಕ್ಷರ ಕಲಿಯದ ಆ ಮನುಷ್ಯನಿಗೆ ಅಲ್ಲೇ ಕೈಮುಗಿಯಬೇಕೆನಿಸಿತು. ಮರುಗಳಿಗೆಯಲ್ಲೇ ಭಯವೂ ಹುಟ್ಟಿತು. ಕೋಟೆಯ ರಸ್ತೆಯ ಇಳಿಜಾರು ನೋಡಿದ್ದೀರಲ್ಲ? ಭಾರ ಹೆಚ್ಚಾದರೆ ಅಲ್ಲಿ ಗಾಡಿಯನ್ನು ತಡೆಯುವವರಿಲ್ಲ. ಅದು ನೇರ ಎತ್ತುಗಳ ಮೇಲೇ ನುಗ್ಗುತ್ತದೆ. ಮುಂದೆ, ನೊಗಕ್ಕೆ ಕಟ್ಟಿದ ಮೂಕಿಮರದ ಮೇಲೆ ಕೂತವನು ಕಾಳೇಗೌಡ.

ಅವನು ಎತ್ತಿನ ಬೆನ್ನು ಸವರುತ್ತಾ ನಿಂತಿದ್ದ. "ನೀವು ಯೋಳಿದ್ರಲ್ಲಾ ಅಂತ ಕೋಟೆಗೆ ಒಂಟಿದ್ದೆ ಕಣ್ರೀ" ಎಂದ. ಅವನ ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು.

ಡಿಪೋದಲ್ಲೇ ದಿಮ್ಮಿಯನ್ನು ಅಡ್ಡಕ್ಕೆ ಎರಡು ತುಂಡು ಮಾಡಿಸಿ ಎರಡು ಸಲಕ್ಕೆ ತಂದೆವು. ಉದ್ದ ಅರ್ಧ, ಭಾರವೂ ಅರ್ಧ. ಇಲ್ಲಿ ತ್ರೈರಾಶಿ ನಡೆಯಿತು. ಕಾಳೇಗೌಡನೂ ಎತ್ತುಗಳೂ ಕ್ಷೇಮವಾಗಿದ್ದಾರೆ.

ಈಗ ಕ್ಲಾಸಿನಲ್ಲಿ ಲೆಕ್ಕ ಬರೆಸುವ ಮೊದಲು ಒಂದು ಪ್ರಶ್ನೆ ಕೇಳುತ್ತೇನೆ: ಒಂದು ಎರಡರಷ್ಟಾದರೆ ಇನ್ನೊಂದೂ ಎರಡರಷ್ಟಾಗುತ್ತದೆ ಎಂದು ಹೇಗೆ ಗೊತ್ತು? ಹಿಂದೆ ಯಾರನ್ನೂ ಕೇಳಿರಲಿಲ್ಲ.

ಇಪ್ಪತ್ತಾರು ವರ್ಷ ನನ್ನಿಂದ ಲೆಕ್ಕ ಕಲಿತು ಹೋದವರು ಈಗ ಯಾರ ಗಾಡಿಗೆ ಏನು ಹೇರಿಸುತ್ತಿದ್ದಾರೋ?