ಫೋಟೋಕ್ಕೆ ಹಾಕಿದ ಸೇವಂತಿಗೆ

ಗೋಡೆ ಬೋಳಾಗಿ ಕಾಣುತ್ತಿತ್ತು. ನನ್ನ ತಲೆಯಲ್ಲಿದ್ದದ್ದು ಅಷ್ಟೇ.

ಮುಂಬೈನಲ್ಲಿ ನೆಲೆಸಿದ್ದ ಹೆಸರಾಂತ ಪಿಟೀಲು ವಾದಕರೊಬ್ಬರ ಇಳಿವಯಸ್ಸಿನ ಬದುಕಿನ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆವು. ಅವರ ಅಕ್ಕನ ಮಾತು ಚಿತ್ರೀಕರಿಸಲು ಕ್ಯಾಮೆರಾ ಹೊತ್ತು ನಾನೊಬ್ಬನೇ ಭರಮಸಾಗರದ ಮನೆಗೆ ಹೋಗಿದ್ದೆ. ಅಕ್ಕ ಸೀರೆ ಬದಲಿಸಲು ಒಳಗೆ ಹೋದಾಗ, ಅವರಿಗೆಂದೇ ತಂದಿದ್ದ ಒಂದು ಮಾರು ಸೇವಂತಿಗೆಯನ್ನು ಚೆಂದ ಕಾಣಲಿ ಅಂತ ಗೋಡೆಯಲ್ಲಿದ್ದ ತಮ್ಮನ ಫೋಟೋಕ್ಕೆ ಹಾಕಿಬಿಟ್ಟೆ.

ಹೊರಗೆ ಬಂದ ಅಕ್ಕ ಫೋಟೋ ನೋಡಿ ಅಲ್ಲೇ ಕುಸಿದರು. "ಯಾವಾಗ ಹೋದ್ನಪ್ಪಾ? ಇದನ್ನ ಹೇಳಾಕೇ ಬಂದ್ಯಾ?" ಅಂತ ಎದೆ ಬಡಿದುಕೊಂಡರು.

"ಇಲ್ಲಮ್ಮಾ, ಚೆನ್ನಾಗಿದ್ದಾರೆ" ಅಂದದ್ದು ಯಾರ ಕಿವಿಗೂ ಬೀಳಲಿಲ್ಲ. ಅಷ್ಟರಲ್ಲಿ ಇಡೀ ಓಣಿ ಬಾಗಿಲಲ್ಲಿ ನಿಂತಿತ್ತು. ಅಕ್ಕನ ಮಗ ನನ್ನ ರಟ್ಟೆ ಹಿಡಿದು, "ನಡೀರಿ ಎಸ್‌ಟಿಡಿ ಬೂತಿಗೆ. ಮಾವ ಮಾತಾಡಿದ್ರೆ ಸರಿ, ಇಲ್ಲಾಂದ್ರೆ ನಿಮ್ಮನ್ನ ನೋಡ್ಕಂತೀನಿ" ಅಂದ.

ಮುಂಬೈ ಮನೆಯ ಫೋನ್ ರಿಂಗಾಯಿತು. ಯಾರೂ ಎತ್ತಲಿಲ್ಲ. ಎರಡನೇ ಸಲವೂ ಎತ್ತಲಿಲ್ಲ. ಎಂಬತ್ತು ದಾಟಿದ ಜೀವ, ನಿಜಕ್ಕೂ ಏನಾದರೂ ಆಗಿಬಿಟ್ಟಿದ್ದರೆ? ನನ್ನ ಹಾರವೇ ಅವರನ್ನು ಕೊಂದಿತೇನೋ ಅನ್ನಿಸಿತು.

ಮೂರನೇ ಸಲಕ್ಕೆ ಅವರ ಕೆಮ್ಮು ಕೇಳಿಸಿತು. ನಡೆದದ್ದೆಲ್ಲ ಒಂದೇ ಉಸಿರಿಗೆ ಹೇಳಿ, ಬೈಗುಳಕ್ಕೆ ಕಾಯುತ್ತಾ ನಿಂತೆ.

"ಅಕ್ಕ ಅತ್ತಳಾ?" ಅಂದರು. "ನಾನು ಊರು ಬಿಟ್ಟಾಗಿಂದ ಅವಳು ನನ್ನ ಹತ್ರ ಮಾತೇ ಆಡಿಲ್ಲ ಕಣಯ್ಯ." ಆಮೇಲೆ ಕೇಳಿದರು, "ಕ್ಯಾಮೆರಾ ಓಡ್ತಿತ್ತಾ?"

ಇಲ್ಲ ಅಂದೆ. ಬೈಗುಳ ಶುರುವಾದದ್ದು ಆಗ.