ಪಾಪಣ್ಣನವರಿಗೆ ಸಿನಿಮಾದಲ್ಲಿ ಮದುವೆಯಾಗಿರಲಿಲ್ಲ

ಕಳೆದ ಭಾನುವಾರ ಮಧ್ಯಾಹ್ನ ಮೂರು ಗಂಟೆಗೆ ನಮ್ಮ ಮನೆ ಮಾಲೀಕ ಮುನಿರಾಜಣ್ಣನವರು ತೆಗೆದ ಸಿನಿಮಾ ಟೀವಿಯಲ್ಲಿ ಮೊದಲ ಬಾರಿಗೆ ಪ್ರಸಾರವಾಯಿತು. ಮೊದಲ ದೃಶ್ಯದಲ್ಲಿ ಕೋಟು ತೊಟ್ಟ ಸುಂದರ ಯುವಕನೊಬ್ಬ ದ್ರಾಕ್ಷಿ ತೋಟದ ನಡುವೆ ಬಿಳಿ ಕುದುರೆಯ ಮೇಲೆ ಬರುತ್ತಾನೆ. ಅಷ್ಟರಲ್ಲಿ ಜಾಹೀರಾತು ಬಂತು. ಸೋಪಿನ ಜಾಹೀರಾತು ನೋಡುತ್ತ ಕೂತವನಿಗೆ, ಆ ಯುವಕ, ಅಂದರೆ ಮುನಿರಾಜಣ್ಣನವರ ತಂದೆ ಪಾಪಣ್ಣ, ವಾಸ್ತವದಲ್ಲಿ ಈ ಕೋಗಿಲು ಊರಿನಿಂದ ಮಾರುಕಟ್ಟೆಗೆ ಸೈಕಲ್ಲಿನ ಹಿಂದೆ ಮೂಲಂಗಿ ಕಟ್ಟಿಕೊಂಡು ಹೋಗುತ್ತಿದ್ದ ಎಂಬುದು ನೆನಪಾಯಿತು.

ನನ್ನ ಪರಿಚಯ ಎರಡು ಸಾಲಿನಲ್ಲಿ ಮುಗಿಯುತ್ತದೆ. ಗದಗದ ಕಡೆಯವನು, ಪತ್ರಿಕೆಯೊಂದರ ಸುದ್ದಿಮನೆಯಲ್ಲಿ ಮೂವತ್ತು ವರ್ಷ ಬೇರೆಯವರ ತಪ್ಪು ತಿದ್ದಿ ನಿವೃತ್ತನಾದವನು. ಮುನಿರಾಜಣ್ಣನವರ ಪರಿಚಯಕ್ಕೆ ಇನ್ನೊಂದು ಸಾಲು ಬೇಕು. ಅವರದು ಒಂದು ಕಾಲಕ್ಕೆ ರಾಗಿ, ಆಮೇಲೆ ದ್ರಾಕ್ಷಿ, ಆಮೇಲೆ ಸೈಟು ಬೆಳೆದ ಮನೆತನ. ಬೆಳೆಯಲು ನೆಲ ಮುಗಿದ ಮೇಲೆ ಉಳಿದದ್ದು ಕಲೆ.

ನಾಲ್ಕು ವರ್ಷದ ಹಿಂದೆ ಒಂದು ಬೆಳಿಗ್ಗೆ ಅವರು ದಪ್ಪ ಕಡತ ಹಿಡಿದು ಮಹಡಿ ಹತ್ತಿ ಬಂದರು.

“ಸಾರ್, ಒಸಿ ಇದನ್ನ ನೋಡ್ಕೊಡ್ಬೇಕು. ಪೀರಿಯಡ್ ಪಿಚ್ಚರ್, ಅಳೇ ಕಾಲದ್ದು. ಒಂದ್ ತಪ್ಪೂ ಇರ್ಬಾರ್ದು. ನಮ್ಮಪ್ಪಂದೇ ಲವ್ ಸ್ಟೋರಿ.”

ತಂದೆಯ ಪ್ರೇಮಕಥೆಯನ್ನು ಮಗ ಇಷ್ಟು ಹೆಮ್ಮೆಯಿಂದ ಹಂಚುವುದನ್ನು ನಾನು ಎಲ್ಲೂ ಕಂಡಿರಲಿಲ್ಲ. ಕಥೆ ಇಷ್ಟು. ನಾಟಕದ ಕಂಪನಿಯೊಂದು ಪಾಪಣ್ಣನವರ ಹೊಲದಲ್ಲಿ ಒಂದು ಬೇಸಿಗೆ ಡೇರೆ ಹಾಕುತ್ತದೆ. ಕಂಪನಿಯ ನಟಿಗೆ ಮದ್ರಾಸಿಗೆ ಹೋಗಿ ಸಿನಿಮಾ ತಾರೆಯಾಗುವ ಹಂಬಲ. ಪಾಪಣ್ಣನವರಿಗೆ ನಟಿಯ ಹಂಬಲ. ಕೊನೆಗೆ ಅವರು ತಮ್ಮ ಪ್ರೀತಿಯನ್ನು ತ್ಯಾಗ ಮಾಡಿ, ರೇಷ್ಮೆ ಸೀರೆಯೊಂದನ್ನು ಉಡುಗೊರೆ ಕೊಟ್ಟು, ಆಕೆಯನ್ನು ರೈಲು ಹತ್ತಿಸುತ್ತಾರೆ. ಆಕೆ ತಾರೆಯಾಗುತ್ತಾಳೆ. ಇವರು ತೋಟದಲ್ಲಿ ನಿಂತು ಆಕಾಶ ನೋಡುತ್ತಾರೆ.

ನಾನು ಹಳೆಯ ಉತ್ಸಾಹದಲ್ಲಿ ಕೆಂಪು ಪೆನ್ನು ಹಿಡಿದು ಕೂತೆ. ಹಳ್ಳಿಮನೆಯಲ್ಲಿ ಟ್ಯೂಬ್‌ಲೈಟ್ ಇತ್ತು, ತೆಗೆಸಿದೆ. ನಾಯಕಿ ಪ್ಲಾಸ್ಟಿಕ್ ಕೊಡದಲ್ಲಿ ನೀರು ಸೇದುತ್ತಿದ್ದಳು, ತಾಮ್ರದ್ದು ಕೊಡಿಸಿದೆ. ಕುದುರೆಯ ಬಗ್ಗೆ ಆಕ್ಷೇಪ ಎತ್ತಿದೆ. ಕುದುರೆಯನ್ನು ಆಗಲೇ ಬಾಡಿಗೆಗೆ ಗೊತ್ತುಮಾಡಿ ಆಗಿದೆ ಎಂದರು. ಎರಡು ಪುಟ ತಪ್ಪುಗಳ ಪಟ್ಟಿ ಕೊಟ್ಟು ಬೀಗಿದೆ. ಆ ಪಟ್ಟಿಯಲ್ಲಿ ಒಂದು ಬಿಟ್ಟುಹೋಗಿತ್ತು. ಆ ಬೇಸಿಗೆಯಲ್ಲಿ ಪಾಪಣ್ಣನವರಿಗೆ ಮದುವೆಯಾಗಿ ಮೂರು ವರ್ಷವಾಗಿತ್ತು. ಟ್ಯೂಬ್‌ಲೈಟ್ ನನ್ನ ಕಣ್ಣಿಗೆ ಬಿತ್ತು, ಹೆಂಡತಿ ಬೀಳಲಿಲ್ಲ. ಆಕೆ ನನ್ನ ಕೆಳಗಿನ ಮನೆಯಲ್ಲೇ ಇದ್ದರು.

ಪಿಳ್ಳಮ್ಮ ಎಂದು ಅವರ ಹೆಸರು. ಎಂಬತ್ತು ದಾಟಿದ ಜೀವ. ನನ್ನನ್ನು ಪೇಪರಪ್ಪ ಎಂದು ಕರೆಯುತ್ತಾರೆ. ಅವರಿಗೆ ಕಥೆ ತಿಳಿದದ್ದು ಮುಹೂರ್ತದ ದಿನ, ಊರಮ್ಮನ ಗುಡಿಯ ಮುಂದೆ. ಚೇತನ್ ಎಂಬ ಯುವ ನಿರ್ದೇಶಕ ಭಕ್ತಿಯಿಂದ ಅವರ ಕಾಲು ಮುಟ್ಟಿ, ಅದೇ ಭಕ್ತಿಯಿಂದ ಕಥೆ ಹೇಳಿದ. ಪಿಳ್ಳಮ್ಮ ಪೂರ್ತಿ ಕೇಳಿ ಮಗನ ಕಡೆ ತಿರುಗಿದರು.

“ಪಿಚ್ಚರ್ನಾಗೆ ಅವ್ರಿಗೆ ಮದ್ವೇನೇ ಆಗಿಲ್ವಾ?”

“ಅದು ಸಿನಿಮಾ ಕಣಮ್ಮ. ಈರೋ ಬ್ಯಾಚುಲರ್ ಆಗಿರ್ಬೇಕು.”

“ಅಂಗಾದ್ರೆ ನೀನ್ಯಾರ ಮಗನಪ್ಪ?”

ಪೂಜಾರಿ ಗಂಟೆಯನ್ನು ಅಗತ್ಯಕ್ಕಿಂತ ಜೋರಾಗಿ ಬಾರಿಸಿದ. ಮುಹೂರ್ತ ಮೀರುತ್ತದೆಂದು ಮುನಿರಾಜಣ್ಣ ಅವಸರದಿಂದ ತೆಂಗಿನಕಾಯಿ ಒಡೆದರು.

ಮಾರನೆಯ ದಿನ ಪಿಳ್ಳಮ್ಮ ನನ್ನನ್ನು ಕೆಳಗೆ ಕರೆದರು. ನೆನೆಸಿದ ಅವರೆಕಾಳನ್ನು ಮುಂದಿಟ್ಟುಕೊಂಡು ಹಿದುಕುತ್ತಿದ್ದರು. ಒಂದೊಂದು ಕಾಳೂ ಸಿಪ್ಪೆ ಬಿಟ್ಟು ಪಟಕ್ಕೆಂದು ಬಟ್ಟಲಿಗೆ ಬೀಳುತ್ತಿತ್ತು. ಸುದ್ದಿಮನೆಯಲ್ಲಿ ಯಾರ ಪ್ರಶ್ನೆಗೂ ಜಗ್ಗದ ನಾನು ಆ ಸದ್ದಿನ ಮುಂದೆ ತಪ್ಪಿತಸ್ಥನಂತೆ ಕೂತೆ.

“ನೀನೇ ಓದಿ ತಿದ್ಕೊಟ್ಯಂತೆ, ಪೇಪರಪ್ಪ. ಆ ಸೀರೆ ಯಾರು ಕೊಟ್ರು ಅಂತ ಬರ್ದವ್ರೆ?”

“ಪಾಪಣ್ಣನವರು ಕೊಟ್ಟರು ಅಂತ ಇದೆ.”

“ಅವ್ರೆಲ್ಲಿ ಕೊಟ್ರು! ಅದು ನನ್ ಮದ್ವೆ ಸೀರೆ, ಧರ್ಮಾವರದ ರೇಷ್ಮೇದು. ಆ ನಾಟಕದಮ್ಮನ ತಾವ ಮದ್ರಾಸಿಗೆ ಉಟ್ಕೊಂಡೋಗೋಕೆ ಒಂದು ನೆಟ್ಟಗಿನ ಸೀರೆ ಇರ್ಲಿಲ್ಲ. ಓಗೋದೇ ಬ್ಯಾಡ ಅಂತ ಕುಂತಿದ್ಲು. ನಾನೇ ಪೆಟ್ಗೆ ತೆಗ್ದು ಕೊಟ್ಟೆ.”

“ಆಕೆಯ ಮೇಲೆ ನಿಮಗೆ ಸಿಟ್ಟಿರಲಿಲ್ಲವೇ?”

“ಇತ್ತು. ಅದ್ಕೇ ಕೊಟ್ಟೆ. ಅವ್ಳು ಊರು ಬಿಟ್ಟು ಓದ್ರೆ ಸಾಕಾಗಿತ್ತು.” ಇನ್ನೊಂದು ಕಾಳು ಹಾರಿತು. “ಪಾಪ, ಚೆಂದಾಗಿ ಪದ ಏಳೋಳು. ಅದೂ ಇತ್ತು ಅನ್ನು. ಅವ್ರು ಇಬ್ರೂ ಏನಾರ ಮಾಡ್ಕೊಳ್ಳಿ ಪಿಚ್ಚರ್ನಾಗೆ, ಕುಣೀಲಿ. ಸೀರೆ ಕೊಟ್ಟೋಳು ಎಂಡ್ತಿ ಅಂತ ಒಂದೇ ಒಂದ್ ಮಾತು ಆಕ್ಸು. ಊರೆಲ್ಲಾ ನೋಡ್ತದೆ. ನಾನು ಅವ್ರ ಎಂಡ್ತಿ ಅಂತ ಎಲ್ಲೂ ಕಾಣ್ದಿದ್ರೆ ಎಂಗೆ?”

ಓದುಗರೇ, ನೀವೇ ಹೇಳಿ. ಇಡೀ ಕಥೆಯಲ್ಲಿ ಮಹತ್ವಾಕಾಂಕ್ಷೆ ಇದ್ದದ್ದು ನಟಿಗೆ, ತ್ಯಾಗದ ಕೀರ್ತಿ ಸಂದದ್ದು ಪಾಪಣ್ಣನವರಿಗೆ, ಕೆಲಸ ಮಾಡಿ ಮುಗಿಸಿದ್ದು ಈಕೆ. ನಾನು ಕೂಡಲೇ ಹೊಸ ಟಿಪ್ಪಣಿ ಬರೆದು ಚೇತನ್ ಬಳಿ ಹೋದೆ. ಕೋಗಿಲಿನ ಬಯಲಿನಲ್ಲಿ ಅವನು ಹಳೆಯ ಕೋಗಿಲನ್ನು ಪ್ಲೈವುಡ್ಡಿನಲ್ಲಿ ಕಟ್ಟಿಸುತ್ತಿದ್ದ. ಇಬ್ಬರು ಹೊಸ ಗೋಡೆಗೆ ಚಹಾ ಎರಚಿ ಹಳತು ಮಾಡುತ್ತಿದ್ದರು.

“ಸೂಪರ್ ಸರ್, ತುಂಬಾ ರಿಯಲ್ ಆಗಿದೆ,” ಎಂದ ಚೇತನ್. “ಬಟ್ ಹೆಂಡ್ತಿನೇ ಸೀರೆ ಕೊಟ್ರೆ ಲವ್ ಎಲ್ಲಿ ಸರ್? ಹೀರೋ ವಿಲನ್ ಆಗ್ಬಿಡ್ತಾನೆ.”

“ಆದರೆ ನಡೆದದ್ದು ಹಾಗೆ.”

“ಒಂದ್ ಕೆಲ್ಸ ಮಾಡೋಣ. ಅಡುಗೆಯವಳು ಕೊಡ್ತಾಳೆ ಅಂತ ಇಡೋಣ. ಅಜ್ಜಿ ಪಾತ್ರನೂ ಬಂದ ಹಾಗಾಯ್ತು, ಹೀರೋನೂ ಸೇಫ್.”

ಈ ರಾಜಿ ಸೂತ್ರವನ್ನು ನಾನು ಪಿಳ್ಳಮ್ಮನವರಿಗೆ ಯಥಾವತ್ತಾಗಿ ವರದಿ ಮಾಡಿದೆ. ಅವರು ಕೇಳಿದ್ದು ಒಂದೇ ಪ್ರಶ್ನೆ: “ಅಡ್ಗೆಯೋಳ ತಾವ ಧರ್ಮಾವರದ ಸೀರೆ ಎಲ್ಲಿಂದ ಬಂತಂತೆ?” ಅದನ್ನೂ ಚೇತನ್‌ಗೆ ತಲುಪಿಸಿದೆ. ಅವನು ಹಣೆ ಚಚ್ಚಿಕೊಂಡ. “ಕರೆಕ್ಟ್ ಗುರು, ಲಾಜಿಕ್ ಮಿಸ್ ಹೊಡೀತಿದೆ!” ಎಂದು ಅಡುಗೆಯವಳನ್ನೂ ತೆಗೆದುಹಾಕಿದ. ನಿಖರತೆಗಾಗಿ ನಾನು ಪಟ್ಟ ಶ್ರಮದ ಒಟ್ಟು ಫಲ ಇದು.

ಸಿನಿಮಾ ಬಿಡುಗಡೆಯಾಯಿತು. ಹಿಂದಿನ ದಿನ ಕೋಗಿಲು ಕ್ರಾಸಿನಲ್ಲಿ ಎರಡು ಮಹಡಿ ಎತ್ತರದ ಫ್ಲೆಕ್ಸ್ ಎದ್ದಿತು. ಈ ಕಡೆಯ ಫ್ಲೆಕ್ಸಿಗೆ ಒಂದು ಶಾಸ್ತ್ರವಿದೆ. ನೆತ್ತಿಯ ಸಾಲಿನಲ್ಲಿ ಕಾಲವಾದ ಹಿರಿಯರು, ಹಾರ ಮತ್ತು ದೀಪ ಸಹಿತ. ನಡುವೆ ಕೈಮುಗಿದ ಮುಖ್ಯಸ್ಥರು. ಕೆಳಗೆ ಕಪ್ಪು ಕನ್ನಡಕ ಹಾಕಿ ಫೋನಿನಲ್ಲಿ ಮಾತಾಡುವ ಅಣ್ಣತಮ್ಮಂದಿರು, ಬಾವಮೈದುನರು. ಜಾಗ ಉಳಿದರೆ ವಿಷಯ. ಇಲ್ಲಿ ವಿಷಯವೆಂದರೆ ನಾಯಕಿ. ಆಕೆ ಬಲಗಡೆಯ ಮೂಲೆಯಲ್ಲಿ, ಮುನಿರಾಜಣ್ಣನವರ ಭುಜದ ಹಿಂದಿನಿಂದ ಇಣುಕುತ್ತಿದ್ದಳು.

ಫ್ಲೆಕ್ಸ್ ಅಂಗಡಿಗೆ ಮನೆಯಿಂದ ಹೋದ ಸೂಚನೆ “ಅಪ್ಪ ಅಮ್ಮ ಮೇಲ್ಗಡೆ” ಎಂಬುದು ಮಾತ್ರ. ಮೇಲ್ಗಡೆ ಎಂದರೆ ಅಂಗಡಿಯವರಿಗೆ ಬೇರೆ ಹೇಳಬೇಕಾಗಿರಲಿಲ್ಲ. ಪಾಪಣ್ಣನವರ ಪಕ್ಕದಲ್ಲೇ ಪಿಳ್ಳಮ್ಮ, ಇಬ್ಬರಿಗೂ ಸೇರಿ ಒಂದೇ ಹಾರ, ಎದುರು ಎರಡು ದೀಪ.

ಬಿಡುಗಡೆಯ ಬೆಳಿಗ್ಗೆ ದೊಡ್ಡಬಳ್ಳಾಪುರದ ಕಡೆಯ ನೆಂಟರೊಬ್ಬರು ಮುಖ ಬಾಡಿಸಿಕೊಂಡು, ದೊಡ್ಡ ಹೂವಿನ ಹಾರ ಹಿಡಿದು ಬಂದರು. ಬಾಗಿಲು ತೆಗೆದವರು ಪಿಳ್ಳಮ್ಮ.

“ಏನ್ಲಾ ಇಷ್ಟೊತ್ಗೇ? ಯಾರು ತೀರ್ಕೊಂಡ್ರು?”

ನೆಂಟರು ಹಾರವನ್ನು ಬೆನ್ನ ಹಿಂದೆ ಹಿಡಿದು, “ನೀನೇ ಕಣತ್ತೆ,” ಎಂದರು.

ಮುನಿರಾಜಣ್ಣ ಕೆಂಡವಾದರು. ಫ್ಲೆಕ್ಸ್ ಇಳಿಸಲು ಜನರನ್ನು ಕರೆದರು. ನನ್ನದು ವೃತ್ತಿಯ ಚಟ; ಪಿಳ್ಳಮ್ಮನವರ ಕಡೆಯ ಹಾರ, ದೀಪದ ಮೇಲೆ ಒಂದು ಬಿಳಿ ಸ್ಟಿಕ್ಕರ್ ಅಂಟಿಸಿದರೆ ಮುಗಿಯಿತು, ಇಳಿಸುವುದು ಬೇಡ ಎಂದೆ. ನನಗೂ ನೋಡಬೇಕು ಎಂದು ಪಿಳ್ಳಮ್ಮ ಹಟ ಹಿಡಿದು ಕಾರಿನಲ್ಲಿ ಬಂದರು. ಕ್ರಾಸಿನಲ್ಲಿ ಇಳಿದು, ಹಣೆಗೆ ಕೈಯಿಟ್ಟು ಬಹಳ ಹೊತ್ತು ಮೇಲೆ ನೋಡಿದರು. ಅವರಿಗೆ ಓದು ಬರುವುದಿಲ್ಲ.

“ಏನಂತ ಬರ್ದವ್ರೆ, ಓದು.”

ಓದಿದೆ: “ಸ್ವರ್ಗೀಯ ಶ್ರೀ ಪಾಪಣ್ಣ ಮತ್ತು ಶ್ರೀಮತಿ ಪಿಳ್ಳಮ್ಮ ದಂಪತಿಗಳ ದಿವ್ಯ ಆಶೀರ್ವಾದದೊಂದಿಗೆ.”

“ಇನ್ನೊಂದ್ಸಲಿ ಓದು.”

ಇನ್ನೊಮ್ಮೆ ಓದಿದೆ. ಅಷ್ಟರಲ್ಲಿ ಇಬ್ಬರು ಏಣಿ ಹತ್ತಿದ್ದರು.

“ಇಳೀರ್ಲಾ ಕೆಳಕ್ಕೆ,” ಎಂದರು ಪಿಳ್ಳಮ್ಮ. “ಯಾರೂ ಮುಟ್ಬ್ಯಾಡಿ. ಇಂಗೇ ಇರ್ಲಿ.”

“ಅಮ್ಮಾ, ನಿನ್ನ ಸತ್ತೋಳು ಅಂತ ಆಕವ್ರಲ್ಲಮ್ಮಾ!”

“ಪಿಚ್ಚರ್ನಾಗೆ ನಾನು ಭೂಮಿ ಮ್ಯಾಲೆ ಉಟ್ಟೇ ಇಲ್ಲ ಅಂದ್ಯಲ್ಲಪ್ಪ. ಅದ್ಕಿಂತ ಇದು ವಾಸಿ.”

ಸ್ಟಿಕ್ಕರ್ ನನ್ನ ಜೇಬಿನಲ್ಲೇ ಉಳಿಯಿತು. ಕಣ್ಣಿಗೆ ಬಿದ್ದ ತಪ್ಪೊಂದನ್ನು ನಾನು ತಿದ್ದದೆ ಬಿಟ್ಟದ್ದು ಅದೇ ಮೊದಲು. ಸಿನಿಮಾ ಎರಡನೆಯ ಶುಕ್ರವಾರ ಕಾಣಲಿಲ್ಲ. ಫ್ಲೆಕ್ಸ್ ಅದಕ್ಕಿಂತ ಹೆಚ್ಚು ದಿನ ನಿಂತಿತ್ತು.

ಮೊನ್ನೆ ಭಾನುವಾರ, ಸೀರೆ ಕೊಡುವ ದೃಶ್ಯ ಮುಗಿದು ಮತ್ತೆ ಜಾಹೀರಾತು ಬಂದಾಗ ನಾನು ಕೆಳಗೆ ಇಳಿದು ಹೋದೆ. ಪಿಳ್ಳಮ್ಮ ಟೀವಿಯ ಮುಂದೆ ಕಾಲು ಚಾಚಿ ಕೂತಿದ್ದರು. ನೋಡಿದಿರಾ ಎಂದೆ.

“ನೋಡ್ದೆ. ನಂದು ಅರಿಶಿನ ಬಣ್ಣ, ಅಸ್ರು ಅಂಚು. ಇವ್ರು ಕೆಂಪುದ್ದು ಕೊಟ್ಟವ್ರೆ,” ಎಂದು ಟೀವಿಯ ಧ್ವನಿ ತಗ್ಗಿಸಿದರು. “ಕೂತ್ಕೊ, ಕಾಫಿ ಮಾಡ್ತೀನಿ.”

ಕೋಗಿಲು ಕ್ರಾಸಿನ ಫ್ಲೆಕ್ಸನ್ನು ಪಾಲಿಕೆಯವರು ಕಿತ್ತ ದಿನ ಪಿಳ್ಳಮ್ಮ ಅದನ್ನು ಮನೆಗೆ ತರಿಸಿದ್ದರು. ಮೇಲಿನ ಸಾಲನ್ನು ಕತ್ತರಿಸಿ ತಮ್ಮ ಮಂಚದ ಎದುರಿನ ಗೋಡೆಗೆ ಹೊಡೆಸಿದ್ದಾರೆ. ಮಿಕ್ಕದ್ದು, ನಾಯಕಿಯ ಸಮೇತ, ಹಿತ್ತಲಿನಲ್ಲಿ ಹಸುವಿನ ಹುಲ್ಲಿನ ಮೇಲೆ ಹೊದಿಸಿದೆ.